ಒಂದು ಪರದೆ, ಮೂರು ಸಹಾಯಕರು

ಮಕ್ಕಳೇ, ಶಾಲೆಯ ಕೈಬರಹ ಪತ್ರಿಕೆ ಮಾಡುವಾಗ ಒಂದೇ ಪುಸ್ತಕದಲ್ಲಿ ಮೂವರು ಒಟ್ಟಿಗೆ ಬರೆಯಲು ಕೂತರೆ ಏನಾಗುತ್ತೆ? ಒಬ್ಬರು ಬರೆದದ್ದನ್ನು ಇನ್ನೊಬ್ಬರು ಹೊಡೆದು ಹಾಕ್ತಾರೆ, ಕೊನೆಗೆ ಜಗಳ! ಅದಕ್ಕೇ ಪ್ರತಿಯೊಬ್ಬರಿಗೂ ಬೇರೆ ಹಾಳೆ ಕೊಟ್ಟು, ಆಮೇಲೆ ಸೇರಿಸಿ ಹೊಲಿಯುತ್ತೇವೆ. ಕಂಪ್ಯೂಟರ್ ಪ್ರೋಗ್ರಾಂ ಬರೆಯುವವರಿಗೂ ಈಗ ಇದೇ ಪೇಚಾಟ. ಆದರೆ ಅಲ್ಲಿ ಬರೆಯುವ ಮೂವರು ಮನುಷ್ಯರಲ್ಲ, ಎಐ ಏಜೆಂಟ್‌ಗಳು.

ಏಜೆಂಟ್ ಅಂದರೇನು? ಚಾಟ್‌ಬಾಟ್ ಉತ್ತರ ಹೇಳಿ ಸುಮ್ಮನಾಗುತ್ತದೆ. ಕೋಡಿಂಗ್ ಏಜೆಂಟ್ ಹಾಗಲ್ಲ. ಅದು ಫೈಲುಗಳನ್ನು ತಾನೇ ಓದುತ್ತದೆ, ತಿದ್ದುತ್ತದೆ, ಓಡಿಸಿ ನೋಡುತ್ತದೆ, ತಪ್ಪು ಬಂದರೆ ಮತ್ತೆ ತಿದ್ದುತ್ತದೆ. ಕ್ಲಾಡ್ ಕೋಡ್, ಕೋಡೆಕ್ಸ್ ಇಂಥವು. ಇವನ್ನು ಟರ್ಮಿನಲ್‌ನಲ್ಲಿ, ಅಂದರೆ ಅಕ್ಷರಗಳಲ್ಲೇ ಆಜ್ಞೆ ಕೊಡುವ ಕಪ್ಪು ಕಿಟಕಿಯಲ್ಲಿ, ಓಡಿಸಬಹುದು. ಒಂದು ಕೆಲಸ ಮುಗಿಯಲು ಹಲವು ನಿಮಿಷ ಬೇಕಾಗಬಹುದು. ಕಾಯುತ್ತಾ ಕೂರುವ ಬದಲು ಇನ್ನೊಂದು ಏಜೆಂಟ್‌ಗೆ ಇನ್ನೊಂದು ಕೆಲಸ ಹಚ್ಚುತ್ತಾರೆ. ಆಗ ಮೂರು ತೊಡಕು ಬರುತ್ತವೆ.

ಮೊದಲನೆಯದು: ಟರ್ಮಿನಲ್ ಮುಚ್ಚಿದರೆ ಒಳಗಿನ ಕೆಲಸವೂ ಸಾಮಾನ್ಯವಾಗಿ ನಿಂತುಹೋಗುತ್ತದೆ. ಇದಕ್ಕೆ ಟಿಮಕ್ಸ್ ಎಂಬ ಉಚಿತ ತಂತ್ರಾಂಶವಿದೆ. 2007ರಿಂದ ಬಳಕೆಯಲ್ಲಿದೆ; ಎಐಗಾಗಿ ಹುಟ್ಟಿದ್ದಲ್ಲ. ಅದು ಒಂದೇ ಪರದೆಯನ್ನು ಹಲವು ಭಾಗ ಮಾಡುತ್ತದೆ. ನಾವು ಕಿಟಕಿ ಮುಚ್ಚಿದರೂ ಹಿಂದುಗಡೆ ಕೆಲಸ ಸಾಗುತ್ತಿರುತ್ತದೆ. ಕಂಪ್ಯೂಟರ್ ಆಫ್ ಆದರೆ ಮಾತ್ರ ಎಲ್ಲವೂ ಹೋಗುತ್ತದೆ.

ಎರಡನೆಯದು: ಎಲ್ಲ ಏಜೆಂಟ್‌ಗಳೂ ಒಂದೇ ಫೋಲ್ಡರ್‌ನಲ್ಲಿದ್ದರೆ ಒಂದರ ತಿದ್ದುಪಡಿಯನ್ನು ಇನ್ನೊಂದು ಅಳಿಸಬಹುದು. ಲಿನಸ್ ಟೊರ್ವಾಲ್ಡ್ಸ್ 2005ರಲ್ಲಿ ರೂಪಿಸಿದ ಗಿಟ್, ಪ್ರೋಗ್ರಾಂನ ಪ್ರತಿ ಬದಲಾವಣೆಯ ಇತಿಹಾಸವನ್ನು ಕಾಪಾಡುವ ತಂತ್ರಾಂಶ. ಅದರಲ್ಲಿ 2015ರಲ್ಲಿ ವರ್ಕ್‌ಟ್ರೀ ಎಂಬ ಸೌಲಭ್ಯ ಬಂತು. ಇತಿಹಾಸ ಒಂದೇ, ಫೋಲ್ಡರ್ ಮಾತ್ರ ಬೇರೆ ಬೇರೆ. ನಮ್ಮ ಬೇರೆ ಹಾಳೆಗಳ ಹಾಗೇ ಅಲ್ವಾ?

ಮೂರನೆಯದೇ ದೊಡ್ಡದು. ಗ್ರಂಥಾಲಯದ ಪ್ರೋಗ್ರಾಂ ಒಂದನ್ನು ಊಹಿಸಿಕೊಳ್ಳಿ. ಪುಸ್ತಕ ತಡವಾದರೆ ದಿನಕ್ಕೆ 1 ರೂಪಾಯಿ ದಂಡ ಲೆಕ್ಕ ಹಾಕುವಂತೆ ಒಂದು ಏಜೆಂಟ್ ಬರೆಯಿತು. ಇನ್ನೊಂದು ಪರದೆಯ ಮೇಲೆ ‘ವಾರಕ್ಕೆ 1 ರೂಪಾಯಿ’ ಎಂದು ಬರೆಯಿತು. ಇಬ್ಬರೂ ಒಂದೇ ಸಾಲನ್ನು ಮುಟ್ಟಿದ್ದರೆ ಗಿಟ್ ಎಚ್ಚರಿಸುತ್ತಿತ್ತು. ಬೇರೆ ಬೇರೆ ಸಾಲಾದ್ದರಿಂದ ಎರಡೂ ಸದ್ದಿಲ್ಲದೆ ಸೇರಿಹೋದವು. 7 ದಿನ ತಡವಾದ ಐದನೇ ತರಗತಿಯ ಹುಡುಗಿಗೆ ಪರದೆ 1 ರೂಪಾಯಿ ಅನ್ನುತ್ತದೆ, ಲೆಕ್ಕ 7 ರೂಪಾಯಿ ಕೇಳುತ್ತದೆ. ಅವಳಿಗೆ ಉತ್ತರ ಕೊಡಬೇಕಾದವರು ಯಾರು? ಏಜೆಂಟ್ ಅಂತೂ ಅಲ್ಲ, ಕೆಲಸ ಹಚ್ಚಿದವರೇ.

ಆದ್ದರಿಂದ ಎಷ್ಟು ಏಜೆಂಟ್ ಓಡಿಸಬಹುದು ಎಂಬುದನ್ನು ಕಂಪ್ಯೂಟರ್‌ನ ಶಕ್ತಿಯೊಂದೇ ಹೇಳುವುದಿಲ್ಲ. ಎಷ್ಟರ ಕೆಲಸವನ್ನು ನಾವು ಕೂತು ಓದಿ, ಪರೀಕ್ಷಿಸಿ ಸೇರಿಸಬಲ್ಲೆವೋ ಅಷ್ಟೇ ಸಾಕು. ಪ್ರತಿಯೊಂದಕ್ಕೂ ಸಣ್ಣ, ಸ್ಪಷ್ಟ ಕೆಲಸ ಕೊಡಿ; ಕಿಟಕಿಗೆ ಕೆಲಸದ ಹೆಸರಿಡಿ; ಒಂದೊಂದಾಗಿ ಸೇರಿಸಿ, ಪ್ರತಿ ಸಲವೂ ಓಡಿಸಿ ನೋಡಿ.

ನೀವೇ ಮಾಡಿ ನೋಡಿ

ಇದಕ್ಕೆ ಎಐ ಬೇಡ, ಇಂಟರ್ನೆಟ್ಟೂ ಬೇಡ. ಲಿನಕ್ಸ್ ಇರುವ ಕಂಪ್ಯೂಟರ್‌ನಲ್ಲಿ ಟಿಮಕ್ಸ್ ಹಾಕಿಕೊಡಲು ಶಿಕ್ಷಕರನ್ನು ಕೇಳಿ. ಟರ್ಮಿನಲ್ ತೆರೆದು ‘ಟಿಮಕ್ಸ್’ ಎಂದು ಇಂಗ್ಲಿಷ್ ಅಕ್ಷರಗಳಲ್ಲಿ (ಟಿ, ಎಂ, ಯು, ಎಕ್ಸ್) ಟೈಪ್ ಮಾಡಿ ಎಂಟರ್ ಒತ್ತಿ. ಒಳಗೆ ‘ಪಿಂಗ್ ಲೋಕಲ್‌ಹೋಸ್ಟ್’ ಆಜ್ಞೆ ಕೊಡಿ. ಸೆಕೆಂಡಿಗೊಂದರಂತೆ ಸಾಲುಗಳ ಎಣಿಕೆ ಏರುತ್ತದೆ. ಎಣಿಕೆ 20 ಆದಾಗ ಕಂಟ್ರೋಲ್ ಮತ್ತು ಬಿ ಒಟ್ಟಿಗೆ ಒತ್ತಿ ಬಿಟ್ಟು, ನಂತರ ಡಿ ಒತ್ತಿ. ಹೊರಗೆ ಬಂದಿರಿ! ಟರ್ಮಿನಲ್ ಮುಚ್ಚಿ, 2 ನಿಮಿಷ ಬಿಟ್ಟು ಮತ್ತೆ ತೆರೆದು ‘ಟಿಮಕ್ಸ್ ಅಟ್ಯಾಚ್’ ಎನ್ನಿ. ಎಣಿಕೆ ಎಲ್ಲಿಗೆ ಬಂದಿದೆ? ಯಾಕೆ? ಗೆಳೆಯರಿಗೆ ವಿವರಿಸಿ. ನಿಲ್ಲಿಸಲು ಕಂಟ್ರೋಲ್ ಮತ್ತು ಸಿ ಒತ್ತಿದರಾಯಿತು.