ಹನ್ನೆರಡು ವರ್ಷ ಉಳುಮೆ ಮಾಡಿದರೆ ಹೊಲ ನಮ್ಮದಾಗುವುದೆ?



"ಹನ್ನೆರಡು ವರ್ಷ ಸ್ವಾಧೀನದಲ್ಲಿದ್ದರೆ ಸಾಕು, ಜಮೀನು ನಮ್ಮದೇ" ಎಂಬ ಮಾತು ಅರಳಿಕಟ್ಟೆಯ ಮೇಲೆ ಕುಳಿತಾಗ ನಿಮ್ಮ ಕಿವಿಗೂ ಬಿದ್ದಿರಬೇಕು. ಈ ಅರ್ಧ ಸತ್ಯವನ್ನು ನಂಬಿ, ದನಕರು ಮಾರಿ ದಾವೆ ನಡೆಸಿ, ಕೊನೆಗೆ ಬರಿಗೈಯಲ್ಲಿ ಹಿಂತಿರುಗಿದವರುಂಟು. "ಪತ್ರ ನನ್ನ ಹೆಸರಿನಲ್ಲಿದೆ, ಹೊಲ ಎಲ್ಲಿಗೆ ಓಡಿಹೋದೀತು?" ಎಂದು ಸುಮ್ಮನೆ ಕುಳಿತು ಹೊಲ ಕಳೆದುಕೊಂಡವರೂ ಉಂಟು. ಆದ್ದರಿಂದ ಉಳುವವರೂ ಖಾತೆದಾರರೂ ಈ ವಿಷಯವನ್ನು ಸರಿಯಾಗಿ ತಿಳಿದಿರುವುದು ಒಳ್ಳೆಯದು.

ಕಾಯಿದೆ ಹೇಳುವುದೇನು?

ಇದಕ್ಕೆ ಪ್ರತಿಕೂಲ ಸ್ವಾಧೀನ ಎಂದು ಹೆಸರು. 1963ರ ಕಾಲಮಿತಿ ಕಾಯಿದೆಯ 65ನೆಯ ಅನುಚ್ಛೇದದಂತೆ, ಇನ್ನೊಬ್ಬರ ಸ್ವಾಧೀನವು ತನ್ನ ಹಕ್ಕಿಗೆ ಪ್ರತಿಕೂಲವಾದ ದಿನದಿಂದ 12 ವರ್ಷದೊಳಗೆ ಮಾಲೀಕನು ದಾವೆ ಹೂಡಬೇಕು. ಹೂಡದಿದ್ದರೆ, ಅದೇ ಕಾಯಿದೆಯ 27ನೆಯ ಪ್ರಕರಣದಂತೆ ಆತನ ಹಕ್ಕೇ ನಶಿಸಿಹೋಗುತ್ತದೆ. ಸರ್ಕಾರಿ ಜಮೀನಾದರೆ ಈ ಅವಧಿ 30 ವರ್ಷ.

ಇಲ್ಲಿ ಗಮನಿಸಬೇಕಾದ ಮಾತು "ಪ್ರತಿಕೂಲವಾದ ದಿನ". ಮೊದಲ ಸಲ ನೇಗಿಲು ಹೂಡಿದ ದಿನವೇ ಆ ದಿನವಾಗಬೇಕೆಂದಿಲ್ಲ.

ಒಂದು ಉದಾಹರಣೆ

ಅಣ್ಣತಮ್ಮಂದಿರು ಪಾಲಾಗಿ ಬೇರೆಯಾದರು. ಪಟ್ಟಣದ ನೌಕರಿಗೆ ಹೊರಟ ಅಣ್ಣ, ತನ್ನ ಪಾಲಿನ ಎರಡು ಎಕರೆಯನ್ನು "ನೀನೇ ನೋಡಿಕೊಳ್ಳಪ್ಪ" ಎಂದು ತಮ್ಮನಿಗೆ ಒಪ್ಪಿಸಿದ. ತಮ್ಮ 20 ವರ್ಷ ಉತ್ತು ಬಿತ್ತಿದ, ಕಂದಾಯ ಕಟ್ಟಿದ. ಆ ಹೊಲ ತಮ್ಮನದಾಯಿತೆ? ಇಲ್ಲ. ಒಪ್ಪಿಗೆಯಿಂದ ಬಂದ ಸ್ವಾಧೀನ ಎಷ್ಟೇ ವರ್ಷ ನಡೆದರೂ ಒಪ್ಪಿಗೆಯದೇ. ಕೋರಿಗೆ ಮಾಡುವವರು, ಭೋಗ್ಯಕ್ಕೆ ಹಿಡಿದವರು, ಕಾವಲಿಗೆ ಇದ್ದವರು, ಎಲ್ಲರಿಗೂ ಇದೇ ನ್ಯಾಯ. ಪಾಲಾಗದ ಜಮೀನಿನಲ್ಲಂತೂ ಒಬ್ಬ ಪಾಲುದಾರನ ಸ್ವಾಧೀನ ಎಲ್ಲ ಪಾಲುದಾರರ ಪರವಾದ ಸ್ವಾಧೀನವೆಂದೇ ಎಣಿಕೆ.

ಆದರೆ ಒಂದು ದಿನ ತಮ್ಮ, "ಈ ಹೊಲದಲ್ಲಿ ನಿನಗೇನೂ ಇಲ್ಲ, ಕಾಲಿಡಬೇಡ" ಎಂದು ಅಣ್ಣನನ್ನು ಎಲ್ಲರೆದುರು ಹೊರಗಟ್ಟಿದನೆನ್ನಿ. ಎಣಿಕೆ ಆರಂಭವಾಗುವುದು ಅಂಥ ದಿನದಿಂದ. ಅಲ್ಲಿಂದ 12 ವರ್ಷ ಅಣ್ಣ ದಾವೆ ಹೂಡದೆ ಸುಮ್ಮನಿದ್ದರೆ ಮಾತ್ರ ತಮ್ಮನ ವಾದಕ್ಕೆ ಬಲ.

ರುಜುವಾತು ಹೇಗೆ?

ರುಜುವಾತಿನ ಹೊಣೆ ಹಕ್ಕು ಕೇಳುವವನದೇ. ಬಿಜಾಪುರದ (ಈಗಿನ ವಿಜಯಪುರ) ಆಸ್ತಿಗಳ ಬಗ್ಗೆ ಕರ್ನಾಟಕ ವಕ್ಫ್ ಮಂಡಳಿಗೂ ಕೇಂದ್ರ ಸರ್ಕಾರಕ್ಕೂ ನಡೆದ ವ್ಯಾಜ್ಯದಲ್ಲಿ ಸುಪ್ರೀಂ ಕೋರ್ಟು 2004ರಲ್ಲಿ ಐದು ಸಂಗತಿಗಳನ್ನು ಸ್ಪಷ್ಟಪಡಿಸಿತು. ಸ್ವಾಧೀನಕ್ಕೆ ಬಂದದ್ದು ಯಾವ ದಿನ? ಆ ಸ್ವಾಧೀನ ಯಾವ ಬಗೆಯದು? ಎದುರುಪಕ್ಷದವರಿಗೆ ಅದು ತಿಳಿದಿತ್ತೆ? ಎಷ್ಟು ಕಾಲ ನಡೆಯಿತು? ಬಹಿರಂಗವಾಗಿ, ಅಡ್ಡಿಯಿಲ್ಲದೆ ನಡೆಯಿತೆ? "ಬಹಳ ವರ್ಷದಿಂದ ನಾವೇ ಮಾಡುತ್ತಿದ್ದೇವೆ" ಎಂಬ ಹೇಳಿಕೆ ಇವಕ್ಕೆ ಉತ್ತರವಲ್ಲ.

ಪಹಣಿಯ 9ನೆಯ ಕಲಮಿನಲ್ಲಿ ಖಾತೆದಾರನ ಹೆಸರಿದ್ದರೆ, 12ನೆಯ ಕಲಮಿನಲ್ಲಿ ಸಾಗುವಳಿದಾರನ ಹೆಸರಿರುತ್ತದೆ. 1964ರ ಕರ್ನಾಟಕ ಭೂಕಂದಾಯ ಕಾಯಿದೆಯ 133ನೆಯ ಪ್ರಕರಣದಂತೆ, ತಪ್ಪೆಂದು ತೋರಿಸುವವರೆಗೆ ಈ ದಾಖಲೆ ಸರಿಯೆಂದೇ ಭಾವಿಸಲಾಗುವುದು. ಪಹಣಿ, ಕಂದಾಯದ ರಸೀತಿ, ಪಂಪ್‌ಸೆಟ್ಟಿನ ವಿದ್ಯುತ್ ಬಿಲ್ಲು, ಅಕ್ಕಪಕ್ಕದ ಹೊಲದವರ ಸಾಕ್ಷಿ, ಇವೆಲ್ಲ ಸ್ವಾಧೀನವನ್ನು ತೋರಿಸುತ್ತವೆ. ಆದರೆ ಆ ಸ್ವಾಧೀನ ಮಾಲೀಕನ ಹಕ್ಕಿಗೆ ವಿರುದ್ಧವಾಗಿತ್ತು ಎಂಬುದನ್ನು ಪ್ರತ್ಯೇಕವಾಗಿ ಸಾಬೀತು ಮಾಡಬೇಕು.

ಇನ್ನೊಂದು ಎಡವಟ್ಟಿನ ಬಗ್ಗೆ ಎಚ್ಚರವಿರಲಿ. "ಇದು ನಾನು ಕ್ರಯಕ್ಕೆ ಕೊಂಡ ಜಮೀನು, ಹಾಗಲ್ಲದಿದ್ದರೆ ಪ್ರತಿಕೂಲ ಸ್ವಾಧೀನದಿಂದ ನನ್ನದು" ಎಂದು ಎರಡು ದೋಣಿಯಲ್ಲಿ ಕಾಲಿಡುವವರಿದ್ದಾರೆ. ಪ್ರತಿಕೂಲ ಸ್ವಾಧೀನ ಕೇಳುವವನು ಎದುರಿನವನೇ ಮಾಲೀಕನಾಗಿದ್ದನೆಂದು ಮೊದಲು ಒಪ್ಪಬೇಕಾಗುತ್ತದೆ. ಈ ಎರಡು ವಾದಗಳು ಒಂದಕ್ಕೊಂದು ಹೊಂದುವುದಿಲ್ಲವೆಂದು ಅದೇ ತೀರ್ಪು ಹೇಳಿದೆ.

ಅವಧಿ ಪೂರೈಸಿದವನು ಪ್ರತಿವಾದಿಯಾಗಿ ತನ್ನ ಸ್ವಾಧೀನವನ್ನು ಉಳಿಸಿಕೊಳ್ಳಬಹುದು. ಅಷ್ಟೇ ಅಲ್ಲ, ತಾನೇ ವಾದಿಯಾಗಿ ದಾವೆ ಹೂಡಲೂಬಹುದು ಎಂದು ಸುಪ್ರೀಂ ಕೋರ್ಟು 2019ರಲ್ಲಿ ತೀರ್ಮಾನಿಸಿತು.

ಖಾತೆದಾರರು ಮಾಡಬೇಕಾದುದು

ಊರು ಬಿಟ್ಟು ಹೋಗುವವರು, ಒಡಹುಟ್ಟಿದವರಿಗೇ ಹೊಲ ಒಪ್ಪಿಸಿದರೂ, ಒಂದು ಕಾಗದ ಬರೆಸಿಟ್ಟುಕೊಳ್ಳಿರಿ. ಅದರಿಂದ ಪ್ರೀತಿ ಕಡಿಮೆಯಾಗದು, ಮಕ್ಕಳ ಕಾಲಕ್ಕೆ ಜಗಳ ಕಡಿಮೆಯಾದೀತು. ವರ್ಷಕ್ಕೊಮ್ಮೆ ಪಹಣಿ ತೆಗೆಸಿ ಎರಡೂ ಕಲಮುಗಳನ್ನು ಓದಿರಿ. ಬದು ಸರಿದಿದೆಯೆಂಬ ಶಂಕೆ ಬಂದರೆ ಹದ್ದುಬಸ್ತಿಗೆ ಅರ್ಜಿ ಹಾಕಿರಿ. ಬರಿಯ ನೋಟೀಸು ಕೊಟ್ಟ ಮಾತ್ರಕ್ಕೆ 12 ವರ್ಷದ ಎಣಿಕೆ ನಿಲ್ಲದು; ಅವಧಿಯೊಳಗೆ ದಾವೆ ಹೂಡುವುದೇ ಭದ್ರವಾದ ದಾರಿ.

ದಾವೆಗೆ ಮೊದಲು ನಿಮ್ಮ ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ವಿಚಾರಿಸಿರಿ. ಮಹಿಳೆಯರಿಗೂ ಪರಿಶಿಷ್ಟ ಜಾತಿ, ಪಂಗಡದವರಿಗೂ ಅಲ್ಲಿ ಉಚಿತ ನೆರವು ದೊರೆಯುತ್ತದೆ. ಸಮಿತಿಯ ಎದುರು ರಾಜಿಯಾಗುವ ಅವಕಾಶವೂ ಉಂಟು. ಎರಡು ಎಕರೆಯ ವ್ಯಾಜ್ಯಕ್ಕೆ ಮೂರನೆಯ ಎಕರೆ ಮಾರಬೇಕಾದ ಗತಿ ಯಾರಿಗೂ ಬರುವುದು ಬೇಡ.