ಟೆಲ್ಲರ್ ಅಂದ್ರೆ ಹೇಳುವವಳಾ?

ಬ್ಯಾಂಕ್ ಪರೀಕ್ಷೆಗೆ ಕೋಚಿಂಗ್ ತೆಗೆದುಕೊಳ್ಳುತ್ತಿದ್ದ ದಿನಗಳು. ಸಾಮಾನ್ಯ ಜ್ಞಾನದ ಮೇಷ್ಟ್ರು ಪಾಠ ಶುರು ಮಾಡುವ ಮೊದಲು ದಿನಾ ಹತ್ತು ಪೂರ್ಣರೂಪ ಕೇಳುತ್ತಿದ್ದರು. ಒಂದು ದಿನ ‘ಎಟಿಎಂ’ ಅಂದರು. ಹಿಂದಿನ ಬೆಂಚಿನಿಂದ ಒಬ್ಬ ‘ಎನಿ ಟೈಮ್ ಮನಿ ಸಾರ್’ ಎಂದು ಕೂಗಿದ. ಕ್ಲಾಸೆಲ್ಲ ನಕ್ಕಿತು. ನಾನು ಎದ್ದು ನಿಂತು ‘ಆಟೊಮೇಟೆಡ್ ಟೆಲ್ಲರ್ ಮಷೀನ್’ ಅಂದೆ.

‘ಗುಡ್. ಟೆಲ್ಲರ್ ಅಂದ್ರೆ?’

‘ಹೇಳುವವರು ಸಾರ್.’

‘ಎಟಿಎಂ ಏನಮ್ಮಾ ಹೇಳುತ್ತೆ?’

‘ದುಡ್ಡಿಲ್ಲ ಅಂತ ಹೇಳುತ್ತೆ ಸಾರ್.’

ಈ ಸಲ ಮೇಷ್ಟ್ರೂ ನಕ್ಕರು. ‘ಟೆಲ್ಲರ್ ಅಂದ್ರೆ ಕ್ಯಾಷಿಯರ್. ಬರ್ಕೊಳ್ಳಿ’ ಎಂದು ಮುಂದಿನ ಪ್ರಶ್ನೆಗೆ ಹೋದರು. ನಾನೂ ಬರೆದುಕೊಂಡೆ. ದುಡ್ಡು ಎಣಿಸುವವರನ್ನು ‘ಹೇಳುವವರು’ ಎಂದು ಯಾಕೆ ಕರೆಯುತ್ತಾರೆ ಎಂದು ಅವರು ಹೇಳಲಿಲ್ಲ, ನಾನು ಕೇಳಲಿಲ್ಲ. ಪರೀಕ್ಷೆಗೆ ಅಷ್ಟು ಸಾಕಿತ್ತು.

ಪರೀಕ್ಷೆ ಪಾಸಾಯಿತು. ಕುಂದಾಪುರದ ಕಡೆಯ ಹುಡುಗಿಗೆ ಗದಗ ಜಿಲ್ಲೆಯ ಒಂದು ಸಣ್ಣ ಊರಿಗೆ ಪೋಸ್ಟಿಂಗ್ ಬಂತು. ಕೂತದ್ದು ಕ್ಯಾಷ್ ಕೌಂಟರಿನಲ್ಲಿ. ಮೊದಲ ವಾರ ನನ್ನ ಕನ್ನಡವೇ ಅಲ್ಲಿಯವರಿಗೆ ತಮಾಷೆಯಾಗಿತ್ತು. ಒಂದು ದಿನ ತಡವಾಗಿ ಬಂದ ಹೆಡ್ ಕ್ಯಾಷಿಯರ್ ಅವರಿಗೆ ‘ಸರ್, ನೀವು ಇವತ್ತು ರಜೆ ಅಂತ ಎಣಿಸಿದ್ದೆ’ ಅಂದುಬಿಟ್ಟೆ. ಅವರು ಗಂಭೀರವಾಗಿ ‘ಹೌದಾ? ಎಣಿಸಿದ್ರ ಎಷ್ಟಾತು?’ ಅಂದರು. ನಮ್ಮ ಕಡೆ ‘ಎಣಿಸು’ ಎಂದರೆ ಲೆಕ್ಕ ಮಾಡುವುದೂ ಹೌದು, ಅಂದುಕೊಳ್ಳುವುದೂ ಹೌದು. ‘ನಾ ಎಣ್ಸದ್ದ್ ಒಂದ್, ಆದ್ದ್ ಒಂದ್’ ಎನ್ನುವುದು ಅಮ್ಮನ ಬಾಯಿಯಲ್ಲಿ ದಿನಕ್ಕೊಮ್ಮೆಯಾದರೂ ಬರುವ ಮಾತು. ಗದಗಿನವರಿಗೆ ಎಣಿಸುವುದು ಎಂದರೆ ನೋಟು, ಇಲ್ಲವೇ ಕುರಿ. ಅಂದಿನಿಂದ ನಾನು ಏನೇ ಯೋಚಿಸುತ್ತ ಕೂತರೂ ‘ಮೇಡಂ ಎಣಸಾಕತ್ತಾರ’ ಎನ್ನುವುದು ಬ್ರಾಂಚಿನ ಜೋಕ್ ಆಯಿತು.

ಮೂರನೇ ತಿಂಗಳು, ಸಂತೆಯ ದಿನ, ಆ ಜೋಕ್ ನಿಂತುಹೋಯಿತು.

ಬೆಳಿಗ್ಗೆಯಿಂದ ಬಾಗಿಲವರೆಗೂ ಸಾಲಿತ್ತು. ಊಟಕ್ಕೂ ಸರಿಯಾಗಿ ಏಳಲಾಗಲಿಲ್ಲ. ಸಂಜೆ ಕ್ಯಾಷ್ ಕ್ಲೋಸ್ ಮಾಡಲು ಕೂತರೆ 5,000 ರೂಪಾಯಿ ಕಮ್ಮಿ. ಎರಡು ಸಲ, ಮೂರು ಸಲ ಮಷೀನಿಗೆ ಹಾಕಿದೆ. ಪ್ಯಾಕೆಟ್ ಬಿಚ್ಚಿ ಕೈಯಲ್ಲಿ ಎಣಿಸಿದೆ. ವೋಚರ್‌ಗಳನ್ನು ಒಂದೊಂದಾಗಿ ತಾಳೆ ನೋಡಿದೆವು. ಕಸದ ಬುಟ್ಟಿ ಸುರುವಿ ನೋಡಿದೆವು. ಸಿಸಿಟಿವಿಯಲ್ಲಿ ನನ್ನ ಕೈ ಕಾಣುತ್ತದೆ, ನೋಟು ಕಾಣುತ್ತದೆ, ಎಷ್ಟು ನೋಟು ಅಂತ ಕಾಣುವುದಿಲ್ಲ. ರಾತ್ರಿ ಎಂಟೂವರೆಗೆ ಮ್ಯಾನೇಜರ್ ವಾಚು ನೋಡಿಕೊಂಡರು. ಕಮ್ಮಿ ಬಿದ್ದದ್ದನ್ನು ಕ್ಯಾಷಿಯರೇ ತುಂಬಬೇಕು. ತುಂಬಿದೆ. ಆ ಹಣ ಯಾರ ಕೈಗೆ ಹೋಯಿತೆಂದು ಇವತ್ತಿಗೂ ಗೊತ್ತಿಲ್ಲ.

ಗೇಟು ಹಾಕುವಾಗ ಹೆಡ್ ಕ್ಯಾಷಿಯರ್ ಹೇಳಿದರು: ‘ತಂಗಿ, ಮೂರು ತಿಂಗಳಿಂದ ನೋಡಾಕತ್ತೀನಿ. ನೀ ಎಣಸತಿ ಖರೆ, ಹೇಳಂಗಿಲ್ಲ. ಮಷೀನಿಗೆ ಹಾಕತಿ, ತಗದು ಕಿಟಕ್ಯಾಗ ಇಡತಿ, ಮುಂದಿನವರನ್ನ ಕರಿತಿ. ರೊಕ್ಕ ಕೊಡುವಾಗ ಬಾಯಿ ಬಿಟ್ಟು ಎಷ್ಟು ಅಂತ ಹೇಳು. ಅವರೂ ಕೇಳತಾರ, ನೀನೂ ಕೇಳತಿ. ತಪ್ಪಿದ್ರ ಅಲ್ಲೇ ಸಿಗತೈತಿ.’

ರೂಮಿಗೆ ಬಂದರೆ ನಿದ್ದೆ ಬರಲಿಲ್ಲ. ‘ಎಣಸತಿ, ಹೇಳಂಗಿಲ್ಲ’ ಎಂಬ ಮಾತು ತಲೆಯಲ್ಲಿ ತಿರುಗುತ್ತಿತ್ತು. ಅದರ ಜೊತೆ ಕೋಚಿಂಗ್ ಕ್ಲಾಸಿನ ಆ ಟೆಲ್ಲರ್ ಕೂಡ ಬಂತು. ಮೊಬೈಲಿನಲ್ಲಿ ಇಂಗ್ಲಿಷ್ ನಿಘಂಟು ತೆರೆದು ‘ಟೆಲ್’ ಹುಡುಕಿದೆ. ಅರ್ಥಗಳ ಪಟ್ಟಿಯಲ್ಲಿ ಕೆಳಗೆ, ನಾವ್ಯಾರೂ ಇಳಿದು ನೋಡದ ಜಾಗದಲ್ಲಿ, ಒಂದು ಹಳೆಯ ಅರ್ಥ ಕೂತಿತ್ತು: ಎಣಿಸು.

ಅಂದರೆ ನನ್ನ ಉತ್ತರವೂ ತಪ್ಪಿರಲಿಲ್ಲ, ಮೇಷ್ಟ್ರದ್ದೂ ತಪ್ಪಿರಲಿಲ್ಲ. ಹಳೆಯ ಇಂಗ್ಲಿಷಿನಲ್ಲಿ ‘ಟೆಲ್ಲನ್’ ಎಂಬ ಒಂದೇ ಕ್ರಿಯಾಪದಕ್ಕೆ ಎಣಿಸುವುದು, ಹೇಳುವುದು ಎರಡೂ ಅರ್ಥ ಇತ್ತು. ಕಾಲ ಕಳೆದಂತೆ ಎಣಿಸುವ ಕೆಲಸವನ್ನು ‘ಕೌಂಟ್’ ತೆಗೆದುಕೊಂಡಿತು. ಹೇಳುವ ಕೆಲಸ ಮಾತ್ರ ‘ಟೆಲ್’ಗೆ ಉಳಿಯಿತು. ಆದರೆ ಹಳೆಯ ಅರ್ಥ ಪೂರ್ತಿ ಹೋಗಿಲ್ಲ. ಅಲ್ಲಲ್ಲಿ ಮೂಲೆಯಲ್ಲಿ ಉಳಿದುಕೊಂಡಿದೆ. ಅಂಥ ಮೂಲೆಗಳಲ್ಲಿ ಒಂದು ಬ್ಯಾಂಕಿನ ಕಿಟಕಿ.

ಇನ್ನೊಂದು ಮೂಲೆ ‘ಅನ್‌ಟೋಲ್ಡ್’. ಧೋನಿ ಸಿನಿಮಾದಿಂದಾಗಿ ನಮಗೆಲ್ಲ ‘ಅನ್‌ಟೋಲ್ಡ್ ಸ್ಟೋರಿ’ ಎಂದರೆ ಯಾರೂ ಹೇಳದ ಕತೆ ಎಂದು ಗೊತ್ತು. ಆದರೆ ಇಂಗ್ಲಿಷ್ ಪತ್ರಿಕೆಗಳಲ್ಲಿ ‘ಅನ್‌ಟೋಲ್ಡ್ ವೆಲ್ತ್’ ಎಂದೂ ಬರುತ್ತದೆ. ಅದು ಗುಟ್ಟಾಗಿ ಇಟ್ಟ ಸಂಪತ್ತಲ್ಲ, ಎಣಿಸಿ ಮುಗಿಯದ ಸಂಪತ್ತು. ಅನುವಾದದ ಪ್ರಶ್ನೆಯಲ್ಲಿ ನಾನೇ ಅದನ್ನು ಒಮ್ಮೆ ‘ಹೇಳದ ಆಸ್ತಿ’ ಎಂದು ಬರೆದಿದ್ದೆ. ಆದಾಯ ತೆರಿಗೆಯವರು ಕೇಳಿದ್ದರೆ ಖುಷಿಪಡುತ್ತಿದ್ದರು! ಹಾಗೆಯೇ ‘ಆಲ್ ಟೋಲ್ಡ್’ ಎಂದರೆ ‘ಎಲ್ಲ ಹೇಳಿಯಾಯಿತು’ ಅಂತಲ್ಲ, ‘ಎಲ್ಲ ಸೇರಿ ಒಟ್ಟು ಇಷ್ಟು’ ಅಂತ. ಕ್ರೈಸ್ತರು ಜಪಮಾಲೆಯ ಮಣಿ ಎಣಿಸುವುದಕ್ಕೂ ಇಂಗ್ಲಿಷಿನಲ್ಲಿ ‘ಟೆಲ್’ ಬಳಕೆಯಲ್ಲಿದೆ. 1611ರ ಕಿಂಗ್ ಜೇಮ್ಸ್ ಬೈಬಲ್‌ನಲ್ಲಿ ಅಬ್ರಹಾಮನಿಗೆ ನಕ್ಷತ್ರಗಳನ್ನು ಎಣಿಸಲು ಹೇಳುವ ಕಡೆಯೂ ಇದೇ ಪದ. ಅದೇ ಗ್ರಂಥದಲ್ಲಿ ಈಜಿಪ್ಟಿನ ಗುಲಾಮರು ದಿನಕ್ಕೆ ಇಷ್ಟು ಎಂದು ಮಾಡಿಕೊಡಬೇಕಿದ್ದ ಇಟ್ಟಿಗೆಗಳ ಸಂಖ್ಯೆಗೆ ‘ಟೇಲ್’ ಎಂದಿದೆ. ನಮಗೆ ಫೇರಿ ಟೇಲ್‌ನಿಂದ ಗೊತ್ತಿರುವ ಅದೇ ಟೇಲ್.

ಇದು ಇಂಗ್ಲಿಷಿನದ್ದು ಮಾತ್ರ ಹುಚ್ಚಲ್ಲ. ಜರ್ಮನ್ನಿನಲ್ಲಿ ಎಣಿಸುವುದು ‘ತ್ಸೇಲನ್’, ಕತೆ ಹೇಳುವುದು ‘ಎರ್‌ತ್ಸೇಲನ್’. ಸ್ಪ್ಯಾನಿಷಿನಲ್ಲಿ ಎರಡಕ್ಕೂ ‘ಕೊಂತಾರ್’ ಒಂದೇ. ಇಂಗ್ಲಿಷಿನ ‘ರೀಕೌಂಟ್’ ಎಂದರೆ ಮತಗಳನ್ನು ಮತ್ತೆ ಎಣಿಸುವುದು, ‘ರಿಕೌಂಟ್’ ಎಂದರೆ ನಡೆದದ್ದನ್ನು ವಿವರಿಸಿ ಹೇಳುವುದು.

ನಮ್ಮಲ್ಲಿ? ಎದ್ದು ಕೂತದ್ದು ಇಲ್ಲಿಯೇ. ನಾವು ದಿನಾ ಬಳಸುವ ‘ಸಂಖ್ಯೆ’ ಸಂಸ್ಕೃತದಿಂದ ಬಂದದ್ದು. ಅದರಲ್ಲಿರುವ ‘ಖ್ಯಾ’ ಧಾತುವಿಗೆ ಹೇಳು, ತಿಳಿಸು ಎಂದು ಅರ್ಥ. ಆಖ್ಯಾನ, ವ್ಯಾಖ್ಯಾನ, ಪ್ರಖ್ಯಾತ ಎಲ್ಲ ಅದೇ ಬೇರಿನವು. ಒಂದನೇ ಕ್ಲಾಸಿನಿಂದ ಸಂಖ್ಯೆ ಬರೆಯುತ್ತಿದ್ದೇನೆ, ಅದರೊಳಗೆ ಒಂದು ಆಖ್ಯಾನ ಕೂತಿದೆ ಎಂದು ಗೊತ್ತಾಗಲು 5,000 ರೂಪಾಯಿ ಕಳೆದುಕೊಳ್ಳಬೇಕಾಯಿತು.

ಬ್ರಿಟನ್ನಿನ ಸಂಸತ್ತಿನಲ್ಲಿ ಈಗಲೂ ಟೆಲ್ಲರ್‌ಗಳಿದ್ದಾರೆ. ಹೌಸ್ ಆಫ್ ಕಾಮನ್ಸ್‌ನಲ್ಲಿ ಮತಕ್ಕೆ ಹಾಕಿದಾಗ ಸದಸ್ಯರು ಪರ, ವಿರೋಧ ಎಂದು ಎರಡು ಪಡಸಾಲೆಗಳ ಮೂಲಕ ನಡೆದುಹೋಗುತ್ತಾರೆ. ಎರಡೂ ಕಡೆಯಿಂದ ಇಬ್ಬಿಬ್ಬರು ಟೆಲ್ಲರ್‌ಗಳು ತಲೆ ಎಣಿಸುತ್ತಾರೆ. ಎಣಿಸಿದರೆ ಮುಗಿಯಲಿಲ್ಲ. ಅವರು ಸ್ಪೀಕರ್ ಎದುರು ಬಂದು ನಿಲ್ಲಬೇಕು, ಗೆದ್ದ ಕಡೆಯ ಟೆಲ್ಲರ್ ಅಂಕಿಗಳನ್ನು ಸಭೆಗೆ ಕೇಳುವಂತೆ ಓದಬೇಕು. ನಮ್ಮ ಹೆಡ್ ಕ್ಯಾಷಿಯರ್ ಲಂಡನ್ ನೋಡಿಲ್ಲ, ಆದರೆ ಅವರು ಹೇಳಿದ್ದೂ ಇದನ್ನೇ. ಎಣಿಸಿದ್ದನ್ನು ಇನ್ನೊಬ್ಬರ ಕಿವಿಗೆ ಹಾಕುವವರೆಗೆ ಎಣಿಕೆ ಅರ್ಧ.

ಮರುದಿನದಿಂದ ಬಾಯಿ ಬಿಟ್ಟು ಹೇಳತೊಡಗಿದೆ. ಮೊದಮೊದಲು ನಾಚಿಕೆ. ಆಮೇಲೆ ಅಭ್ಯಾಸವಾಯಿತು. ಹಾಗೆ ಹೇಳತೊಡಗಿ ಒಂದು ತಿಂಗಳಾಗಿರಬಹುದು, ಒಬ್ಬ ಅಜ್ಜಿ ಬಂದರು. ಸಂಧ್ಯಾ ಸುರಕ್ಷಾ ಪಿಂಚಣಿ, ತಿಂಗಳಿಗೆ 1,200ರಂತೆ ಮೂರು ತಿಂಗಳದ್ದು 3,600. ಹೆಬ್ಬೆಟ್ಟು ಒತ್ತಿಸಿ, ನೋಟು ಮಷೀನಿಗೆ ಹಾಕಿ, ‘ಮೂರು ಸಾವಿರದ ಆರು ನೂರು ಅಜ್ಜಿ’ ಎಂದು ಕೊಟ್ಟೆ. ಅಜ್ಜಿ ತೆಗೆದುಕೊಳ್ಳಲಿಲ್ಲ.

‘ಯವ್ವಾ, ಒಂದೊಂದ ಎಣಿಸಿ ಹೇಳವ್ವಾ.’

‘ಮಷೀನ್ ಎಣಿಸಿದೆ ಅಜ್ಜಿ. ಅದು ತಪ್ಪೋದಿಲ್ಲ.’

‘ಮಷೀನು ಎಣಸತೈತಿ. ಹೇಳಂಗಿಲ್ಲಲ್ಲವ್ವಾ.’

ಸಾಲಿನಲ್ಲಿದ್ದವರು ಗೊಣಗಿದರು. ನಾನು ನೋಟುಗಳನ್ನು ಒಂದೊಂದಾಗಿ ಕಿಟಕಿಯ ಮೇಲೆ ಇಡುತ್ತ ‘ಒಂದು’ ಎಂದೆ. ಅಜ್ಜಿ ತಡೆದರು. ‘ಲಾಭ ಅನ್ನವ್ವಾ.’ ಕಣದಲ್ಲಿ ರಾಶಿ ಅಳೆಯುವಾಗ ಮೊದಲನೆಯದಕ್ಕೆ ಒಂದು ಎನ್ನುವುದಿಲ್ಲ, ಲಾಭ ಎನ್ನುತ್ತಾರೆ. ಬ್ಯಾಂಕಿನ ಕೌಂಟರಿನಲ್ಲಿ ಕೂತು ‘ಲಾಭ, ಎರಡು, ಮೂರು’ ಎಂದು ಎಣಿಸಿದೆ. ಏಳು ಐನೂರರ ನೋಟು, ಒಂದು ನೂರರ ನೋಟು. ನನ್ನ ಜೊತೆ ಅಜ್ಜಿಯ ತುಟಿಯೂ ಅಲ್ಲಾಡುತ್ತಿತ್ತು. ಓದು ಬರದಿದ್ದರೂ ಅವರಿಗೆ ಲೆಕ್ಕ ಚೆನ್ನಾಗಿ ಬರುತ್ತಿತ್ತು. ನೋಟುಗಳನ್ನು ಸೆರಗಿಗೆ ಕಟ್ಟಿಕೊಳ್ಳುತ್ತ ಅವರೇ ಹೇಳಿದರು: ‘ಮೊಮ್ಮಗ ಕಾರ್ಡ್ ಒಯ್ದು ಆ ಮಷೀನಿನಾಗಿಂದ ತರತಿದ್ದ. ಎಷ್ಟು ಬಂತಪಾ ಅಂದ್ರ ಹೇಳತಿದ್ದಿಲ್ಲ. ಕೊಟ್ಟಷ್ಟು ಇಸಗೊಂಡೆ. ಈಗ ನಾನ ಬರತೀನಿ.’

ಆ ಮಷೀನಿನ ಕತೆಯೂ ಸ್ವಲ್ಪ ಇದೆ. 1967ರ ಜೂನ್ 27ರಂದು ಲಂಡನ್ನಿನ ಎನ್‌ಫೀಲ್ಡ್‌ನಲ್ಲಿ ಬಾರ್ಕ್ಲೇಸ್ ಬ್ಯಾಂಕಿನ ಗೋಡೆಯಲ್ಲಿ ಹಣ ಕೊಡುವ ಯಂತ್ರವೊಂದು ಕೆಲಸ ಶುರು ಮಾಡಿತು. ಅದನ್ನು ರೂಪಿಸಿದ ಜಾನ್ ಶೆಫರ್ಡ್ ಬ್ಯಾರನ್ ಹುಟ್ಟಿದ್ದು ನಮ್ಮ ಶಿಲ್ಲಾಂಗಿನಲ್ಲಿ. ಇಂಥ ಯಂತ್ರಗಳಿಗೆ ಮುಂದೆ ಟೆಲ್ಲರ್ ಎಂಬ ಹೆಸರೂ ಅಂಟಿತು. ಕ್ಯೂ ತಪ್ಪಿತು, ರಾತ್ರಿ ಹನ್ನೆರಡಕ್ಕೂ ಹಣ ಸಿಗುವಂತಾಯಿತು, ಎಷ್ಟೋ ಜನರಿಗೆ ಉಪಕಾರವಾಯಿತು. ಆದರೆ ಓದು ಬರದ ಅಜ್ಜಿಗೆ ಮಷೀನಿನ ಚೀಟಿಯಲ್ಲಿರುವ ಅಂಕಿ ಇದ್ದೂ ಇಲ್ಲದ ಹಾಗೆ. ಅವರ ಮಟ್ಟಿಗೆ ಅದು ಎಣಿಸುವ ಟೆಲ್ಲರ್, ಹೇಳುವ ಟೆಲ್ಲರ್ ಅಲ್ಲ.

ಈಚೆಗೆ ಮಷೀನುಗಳೂ ಹೇಳಲು ಕಲಿಯುತ್ತಿವೆ. ನಮ್ಮ ಬ್ರಾಂಚಿನ ಎದುರಿನ ಚಹಾದಂಗಡಿಯಲ್ಲಿ ಒಂದು ಪುಟ್ಟ ಸೌಂಡ್‌ಬಾಕ್ಸ್ ಇದೆ. ಫೋನಿನಲ್ಲಿ ಹಣ ಹಾಕಿದರೆ ಕನ್ನಡದಲ್ಲೇ ಇಷ್ಟು ರೂಪಾಯಿ ಬಂತು ಎಂದು ಕೂಗುತ್ತದೆ. ಅಂಗಡಿಯಾತ ಗಿರಾಕಿ ತೋರಿಸುವ ಮೊಬೈಲ್ ಪರದೆಯನ್ನು ನೋಡುವುದೇ ಇಲ್ಲ, ಕಿವಿಗೆ ಬಿದ್ದರೆ ಮಾತ್ರ ಬಂದ ಹಾಗೆ. ಅದಕ್ಕೆ ಟೆಲ್ಲರ್ ಎಂದು ಯಾರೂ ಹೆಸರಿಟ್ಟಿಲ್ಲ. ಇಟ್ಟರೆ ಸರಿಯಾಗಿ ಒಪ್ಪುತ್ತದೆ.

ಇಷ್ಟೆಲ್ಲ ತಿಳಿದುಕೊಂಡವಳು ಒಂದು ಲೆಕ್ಕವನ್ನು ಮಾತ್ರ ಯಾರಿಗೂ ಹೇಳಿರಲಿಲ್ಲ. ಮನೆಗೆ ಪ್ರತಿ ತಿಂಗಳು ಕಳಿಸುತ್ತಿದ್ದ ಹಣದಲ್ಲಿ ಆ ತಿಂಗಳು 5,000 ಕಮ್ಮಿ ಹಾಕಿದ್ದೆ. ಅಮ್ಮ ಕೇಳಿದ್ದಕ್ಕೆ ‘ಎಂತದೋ ಖರ್ಚಿತ್ತು’ ಅಂದಿದ್ದೆ. ಮೊದಲ ಕೆಲಸದಲ್ಲೇ ದುಡ್ಡು ಎಣಿಸಲು ಬಾರದ ಮಗಳು ಎನ್ನಿಸಿಕೊಳ್ಳುವ ಭಯ. ಆಮೇಲೆ ಫೋನಿನಲ್ಲಿ ಅಮ್ಮನ ದನಿ ಯಾಕೋ ಬದಲಾಗಿತ್ತು. ಊಟ ಮಾಡಿದ್ಯಾ ಎಂದು ಎರಡೆರಡು ಸಲ ಕೇಳುತ್ತಿದ್ದಳು. ಜೊತೆಗೆ ಯಾರಿದ್ದಾರೆ ಎಂದು ಕೇಳುತ್ತಿದ್ದಳು. ಅಜ್ಜಿ ಬಂದುಹೋದ ಆ ಸಂಜೆ ಫೋನ್ ಮಾಡಿ, ಸಂತೆಯ ದಿನದಿಂದ ಹಿಡಿದು ಕಸದ ಬುಟ್ಟಿಯವರೆಗೆ ಎಲ್ಲ ಹೇಳಿದೆ.

ಆ ಕಡೆ ಸ್ವಲ್ಪ ಹೊತ್ತು ಸದ್ದಿಲ್ಲ. ಆಮೇಲೆ ಅಮ್ಮ ಉಸಿರು ಬಿಟ್ಟದ್ದು ಕೇಳಿತು.

‘ಇಷ್ಟೇಯಾ ಮಗಾ? ದುಡ್ಡ್ ಹೋದ್ರ್ ಹೋಯ್ಲಿ. ನೀ ಹೇಳ್ದೆ ಇದ್ದದ್ದಕ್ಕೆ ನಾ ಎಂತೆಂತದೋ ಎಣ್ಸ್ಕಂಡ್ ಕೂಕಂಡಿದ್ದೆ.’