ಮನೆ ಮುಂದಿನ ರಸ್ತೆ ಯಾರದು?

ತರೀಕೆರೆಯ ಹಳೆಯ ಬೀದಿಗಳಲ್ಲಿ ಬೆಳಿಗ್ಗೆ ಹೊತ್ತು ನಡೆದುಹೋದರೆ ರಸ್ತೆಯ ಅಂಚಿನಲ್ಲಿ ಒಂದು ಸಣ್ಣ ವಸ್ತುಪ್ರದರ್ಶನವೇ ಕಾಣುತ್ತದೆ. ಒಂದು ಮನೆಯ ಮುಂದೆ ಸುಣ್ಣ ಬಳಿದ ಎರಡು ಕಲ್ಲು. ಪಕ್ಕದ ಮನೆಯ ಮುಂದೆ ಕಾಲು ಮುರಿದ ಪ್ಲಾಸ್ಟಿಕ್ ಕುರ್ಚಿ. ಅದರಾಚೆ ಗಿಡ ಒಣಗಿಹೋದ ಸಿಮೆಂಟ್ ಕುಂಡ. ಇವು ಯಾವುವೂ ಅಲ್ಲಿ ಮರೆತು ಉಳಿದ ಸಾಮಾನಲ್ಲ. ‘ಇದು ನಮ್ಮ ಜಾಗ, ಸಂಜೆ ನಮ್ಮ ಕಾರು ಬರುತ್ತದೆ’ ಎಂಬ ಪ್ರಕಟಣೆ ಅವು. ಕಡೂರಿನ ಬಡಾವಣೆಗಳಲ್ಲಿ ಇದೇ ಪ್ರಕಟಣೆ ಗೇಟಿಗೆ ತಗುಲಿಸಿದ ‘ನೋ ಪಾರ್ಕಿಂಗ್’ ಫಲಕದ ರೂಪದಲ್ಲಿರುತ್ತದೆ. ಅಜ್ಜಂಪುರದಲ್ಲಿ ಈರುಳ್ಳಿ ಸುಗ್ಗಿಯ ಕಾಲಕ್ಕೆ ಲಾರಿ, ಟ್ರ್ಯಾಕ್ಟರುಗಳು ಪೇಟೆಗೆ ಇಳಿದಾಗ ಇಂಥ ಕಲ್ಲು ಕುರ್ಚಿಗಳಿಗೆ ಕಿಮ್ಮತ್ತು ಉಳಿಯುವುದಿಲ್ಲ. ಜಗಳ ಮಾತ್ರ ಉಳಿಯುತ್ತದೆ.

ಕಲ್ಲಿಟ್ಟವರಿಗೆ ಆ ಜಾಗದ ಮೇಲೆ ಹಕ್ಕುಂಟೇ? ಕಾನೂನಿನ ಉತ್ತರ ಚಿಕ್ಕದು: ಇಲ್ಲ. ಸಾರ್ವಜನಿಕ ರಸ್ತೆ ಸರ್ಕಾರದಲ್ಲಿ ನಿಹಿತವಾಗಿದ್ದರೂ ಸರ್ಕಾರ ಅದರ ಮಾಲೀಕನಲ್ಲ, ಜನರ ಪರವಾಗಿ ನೋಡಿಕೊಳ್ಳುವ ಧರ್ಮದರ್ಶಿ ಮಾತ್ರ ಎಂದು ಸುಪ್ರೀಂ ಕೋರ್ಟು 1954ರಲ್ಲೇ, ಸಗೀರ್ ಅಹ್ಮದ್ ಮೊಕದ್ದಮೆಯಲ್ಲಿ ಹೇಳಿದೆ. ಸರ್ಕಾರಕ್ಕೇ ಇಲ್ಲದ ಮಾಲೀಕತ್ವ ಎದುರು ಮನೆಯವರಿಗೆ ಎಲ್ಲಿಂದ ಬರಬೇಕು? ಮನೆಯ ಗೇಟಿಗೆ ಅಡ್ಡವಾಗಿ ಯಾರೂ ವಾಹನ ನಿಲ್ಲಿಸಬಾರದು, ಅದು ಸರಿ. ಗೇಟಿನ ಎಡಬಲಕ್ಕಿರುವ ರಸ್ತೆಯಂಚು ಮಾತ್ರ ಎಲ್ಲರದು.

ಎಲ್ಲರದು ಎಂದ ಕೂಡಲೇ ಅದು ಮೊದಲು ಬಂದವನದು ಎಂದಾಗುತ್ತದೆ. ಇಲ್ಲಿಂದಲೇ ತೊಡಕು ಶುರು. ಪೇಟೆಗೆ ಬಂದವರು, ಬ್ಯಾಂಕಿಗೆ ಬಂದವರು, ಬಸ್ಸು ಹಿಡಿಯಲು ಬಂದವರು ಹಿಂದಿನ ಬೀದಿಯಲ್ಲಿ ವಾಹನ ಬಿಟ್ಟು ಹೋದರೆ, ಅಲ್ಲೇ ಮನೆಯಿದ್ದು ಒಳಗೆ ಗ್ಯಾರೇಜಿಲ್ಲದವನು ಸಂಜೆ ಊರೆಲ್ಲ ಸುತ್ತಬೇಕು. ಈ ತೊಡಕಿಗೆ ದೊಡ್ಡ ನಗರಗಳು ಕಂಡುಕೊಂಡ ಉಪಾಯವೇ ನಿವಾಸಿಗಳ ವಾಹನ ನಿಲುಗಡೆ ಪರವಾನಗಿ, ಅಂದರೆ ರೆಸಿಡೆನ್ಷಿಯಲ್ ಪಾರ್ಕಿಂಗ್ ಪರ್ಮಿಟ್.

ಇದು ನಡೆಯುವ ರೀತಿ ಹೀಗೆ. ನಗರಾಡಳಿತ ಕೆಲವು ಬೀದಿಗಳನ್ನು ಸೇರಿಸಿ ಒಂದು ವಲಯ ಎಂದು ಗುರುತಿಸುತ್ತದೆ. ಆ ವಲಯದಲ್ಲಿ ವಾಸವಾಗಿರುವವರು ವಿಳಾಸದ ದಾಖಲೆ, ವಾಹನದ ನೋಂದಣಿ ಪತ್ರ ಕೊಟ್ಟು, ವರ್ಷಕ್ಕಿಷ್ಟು ಎಂದು ಶುಲ್ಕ ಕಟ್ಟಿದರೆ ಗಾಜಿಗೆ ಅಂಟಿಸುವ ಒಂದು ಚೀಟಿ ಸಿಗುತ್ತದೆ. ಈಗೀಗ ಚೀಟಿಯೂ ಇಲ್ಲ, ನೋಂದಣಿ ಸಂಖ್ಯೆಯನ್ನೇ ಕಂಪ್ಯೂಟರಿಗೆ ಸೇರಿಸುತ್ತಾರೆ. ನಿಗದಿತ ಹೊತ್ತಿನಲ್ಲಿ ಪರವಾನಗಿ ಇಲ್ಲದ ವಾಹನ ಅಲ್ಲಿ ನಿಂತರೆ ದಂಡ. ಮನೆಗೆ ಬರುವ ನೆಂಟರಿಗೆ ದಿನದ ಲೆಕ್ಕದಲ್ಲಿ ಬೇರೆ ಚೀಟಿ ಇರುತ್ತದೆ.

ಈ ಪರವಾನಗಿ ಜಾಗವನ್ನು ಕಾದಿರಿಸುವುದಿಲ್ಲ ಎಂಬುದನ್ನು ಬಹಳ ಮಂದಿ ತಪ್ಪು ತಿಳಿಯುತ್ತಾರೆ. ಬೀರೂರು ಜಂಕ್ಷನ್ನಿನಲ್ಲಿ ಜನರಲ್ ಟಿಕೆಟ್ ಕೊಂಡವನಿಗೆ ರೈಲು ಹತ್ತುವ ಹಕ್ಕುಂಟು, ಸೀಟಿನ ಹಕ್ಕಿಲ್ಲ. ಇದೂ ಹಾಗೆಯೇ. ತನ್ನ ಮನೆ ಮುಂದೆಯೇ ನಿಲ್ಲಿಸುತ್ತೇನೆ ಎನ್ನುವಂತಿಲ್ಲ. ವಲಯದ ಯಾವುದೋ ಬೀದಿಯಲ್ಲಿ ಖಾಲಿ ಇದ್ದರೆ ನಿಲ್ಲಿಸಬಹುದು, ಅಷ್ಟೇ. ಹೊರಗಿನವರನ್ನು ದೂರವಿಡುವುದು ಇದರ ಕೆಲಸ. ಒಳಗಿನವರ ವಾಹನಗಳೇ ಜಾಗಕ್ಕಿಂತ ಹೆಚ್ಚಾಗಿದ್ದರೆ ಚೀಟಿಯಿಂದ ಏನೂ ಆಗುವುದಿಲ್ಲ.

ಅಮೆರಿಕದಲ್ಲಿ ಈ ಪದ್ಧತಿ ನ್ಯಾಯಾಲಯದ ಮೆಟ್ಟಿಲನ್ನೂ ಹತ್ತಿತ್ತು. ವರ್ಜೀನಿಯಾ ರಾಜ್ಯದ ಆರ್ಲಿಂಗ್ಟನ್‌ನಲ್ಲಿ ಒಂದು ದೊಡ್ಡ ಕಚೇರಿ ಸಮುಚ್ಚಯ ಎದ್ದಾಗ ಅಲ್ಲಿಗೆ ಕೆಲಸಕ್ಕೆ ಬರುವವರು ಪಕ್ಕದ ವಸತಿ ಬೀದಿಗಳನ್ನೆಲ್ಲ ತುಂಬಿದರು. ಆಡಳಿತ ನಿವಾಸಿಗಳಿಗೆ ಮಾತ್ರ ಪರವಾನಗಿ ಕೊಟ್ಟಿತು. ನಿವಾಸಿ, ಹೊರಗಿನವ ಎಂದು ಭೇದ ಮಾಡುವುದು ಸಮಾನತೆಗೆ ವಿರುದ್ಧ ಎಂದು ನೌಕರರು ದಾವೆ ಹೂಡಿದರು. ಕೆಳಗಿನ ನ್ಯಾಯಾಲಯಗಳು ಒಪ್ಪಿಕೊಂಡವು ಕೂಡ. ಆದರೆ 1977ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟು, ವಸತಿ ಪ್ರದೇಶದ ಗದ್ದಲ, ಹೊಗೆ, ವಾಹನ ದಟ್ಟಣೆ ತಗ್ಗಿಸಲು ಇಂಥ ಭೇದ ಮಾಡುವುದು ಸಂವಿಧಾನಬಾಹಿರವಲ್ಲ ಎಂದು ತೀರ್ಪಿತ್ತಿತು. ಆ ತೀರ್ಪಿನ ನಂತರ ಅಲ್ಲಿನ ಬೇರೆ ಊರುಗಳಿಗೂ ಧೈರ್ಯ ಬಂತು.

ಜಪಾನಿನದು ಬೇರೆಯೇ ದಾರಿ. ಅಲ್ಲಿ 1962ರ ಕಾಯ್ದೆಯ ಪ್ರಕಾರ ಕಾರು ಕೊಳ್ಳುವವನು ಮೊದಲು ಅದನ್ನು ನಿಲ್ಲಿಸಲು ರಸ್ತೆಯಲ್ಲದ ಜಾಗ ತನಗಿದೆ ಎಂದು ತೋರಿಸಬೇಕು. ಜಾಗ ಮನೆಯಿಂದ 2 ಕಿಲೋಮೀಟರಿನೊಳಗೆ ಇರಬೇಕು. ಪೊಲೀಸರು ಪ್ರಮಾಣಪತ್ರ ಕೊಟ್ಟ ಮೇಲೆಯೇ ನೋಂದಣಿ. ಹಳ್ಳಿಗಾಡಿನಲ್ಲಿ ಚಿಕ್ಕ ಕಾರುಗಳಿಗೆ ವಿನಾಯಿತಿ ಉಂಟು. ರಸ್ತೆಯೇ ಗ್ಯಾರೇಜು ಎಂಬ ಭಾವನೆಯನ್ನೇ ಆ ಕಾಯ್ದೆ ಕಿತ್ತುಹಾಕಿತು. ನಮ್ಮಲ್ಲಿ ಅದನ್ನು ತಂದರೆ ಷೋರೂಮುಗಳ ಗತಿಯೇನು ಎಂದು ಕೇಳುವವರೇ ಹೆಚ್ಚು.

ಕರ್ನಾಟಕದ ಮಟ್ಟಿಗೆ ಈ ವಿಚಾರ ಗಂಭೀರವಾಗಿ ಮೇಜಿಗೆ ಬಂದದ್ದು ಬೆಂಗಳೂರಿನಲ್ಲಿ. ನಗರ ಭೂಸಾರಿಗೆ ನಿರ್ದೇಶನಾಲಯ ಸಿದ್ಧಪಡಿಸಿದ ‘ಪಾರ್ಕಿಂಗ್ ನೀತಿ 2.0’ಕ್ಕೆ ರಾಜ್ಯ ಸರ್ಕಾರ 2021ರ ಆರಂಭದಲ್ಲಿ ಒಪ್ಪಿಗೆ ಕೊಟ್ಟಿತು. ಬಿಟ್ಟಿ ಮತ್ತು ಅಡ್ಡಾದಿಡ್ಡಿ ನಿಲುಗಡೆಯಿಂದ ಹಣ ಕೊಟ್ಟು ಶಿಸ್ತಾಗಿ ನಿಲ್ಲಿಸುವ ಪದ್ಧತಿಗೆ ಸಾಗುವುದು ಅದರ ಗುರಿ. ವಸತಿ ಬೀದಿಗಳಲ್ಲಿ ಕಾರು ನಿಲ್ಲಿಸಲು ವಾರ್ಷಿಕ ಪರವಾನಗಿಯ ಪ್ರಸ್ತಾಪ ಅದರಲ್ಲಿತ್ತು: ಚಿಕ್ಕ ಕಾರಿಗೆ 1,000 ರೂಪಾಯಿ, ಮಧ್ಯಮ ಗಾತ್ರದ್ದಕ್ಕೆ 3,000ದಿಂದ 4,000, ದೊಡ್ಡ ವಾಹನಕ್ಕೆ 5,000. ಸುದ್ದಿ ಹೊರಬಿದ್ದ ದಿನವೇ ಆಕ್ಷೇಪಗಳೂ ಬಂದವು. ವಾಹನ ತೆರಿಗೆ ಕಟ್ಟಿದ್ದೇವೆ, ಮನೆ ಕಂದಾಯ ಕಟ್ಟಿದ್ದೇವೆ, ಇದು ಮೂರನೆಯದು ಏಕೆ ಎಂದು ಕೇಳಿದರು. ನೀತಿ ಕಾಗದದಲ್ಲಿ ಬಂದಷ್ಟು ಸುಲಭವಾಗಿ ಬೀದಿಗೆ ಬರಲಿಲ್ಲ.

ಈ ಮೂರನೆಯ ಶುಲ್ಕದ ಲೆಕ್ಕವನ್ನು ಸ್ವಲ್ಪ ಬಿಡಿಸಿ ನೋಡಬೇಕು. ಒಂದು ಕಾರು ನಿಲ್ಲಲು ಸುಮಾರು 5 ಮೀಟರ್ ಉದ್ದ, 2 ಮೀಟರ್ ಅಗಲದ ಜಾಗ ಬೇಕು. ಅಂದರೆ 10 ಚದರ ಮೀಟರು, ಹೆಚ್ಚುಕಡಿಮೆ ಹತ್ತು ಅಡಿಗೆ ಹತ್ತು ಅಡಿಯ ಕೋಣೆ. ವರ್ಷಕ್ಕೆ 1,000 ರೂಪಾಯಿ ಎಂದರೆ ದಿನಕ್ಕೆ 3 ರೂಪಾಯಿಗೂ ಕಡಿಮೆ. ಓದಲು ಊರಿಗೆ ಬಂದ ಹುಡುಗನಿಗೆ ಅಷ್ಟೇ ಅಳತೆಯ ಕೋಣೆಯನ್ನು ಆ ಬಾಡಿಗೆಗೆ ಯಾರೂ ಕೊಡುವುದಿಲ್ಲ. ಮನೆ ಕಂದಾಯವನ್ನು ಕಾರಿಲ್ಲದವನೂ ಕಟ್ಟುತ್ತಾನೆ, ರಸ್ತೆಗೆ ಡಾಂಬರು ಬೀಳುವುದು ಅವನ ಹಣದಿಂದಲೂ ಹೌದು. ಅವನ ಪಾಲಿನ ಅಂಚಿನಲ್ಲಿ ಇನ್ನೊಬ್ಬನ ಕಾರು ರಾತ್ರಿಯೆಲ್ಲ ಮಲಗಿರುತ್ತದೆ.

ಇನ್ನು ಬೀದಿಯ ಅಳತೆ. ಇಪ್ಪತ್ತು ಅಡಿ, ಅಂದರೆ ಸುಮಾರು 6 ಮೀಟರ್ ಅಗಲದ ರಸ್ತೆಯ ಒಂದು ಬದಿ ಕಾರು ನಿಂತರೆ ಉಳಿಯುವುದು 4 ಮೀಟರು. ಎರಡೂ ಬದಿ ನಿಂತರೆ 2 ಮೀಟರು. ಅಗ್ನಿಶಾಮಕ ವಾಹನದ ಅಗಲ ಅದಕ್ಕಿಂತ ಹೆಚ್ಚು. ಆಂಬುಲೆನ್ಸು ಹೇಗೋ ನುಸುಳಿ ಒಳಬಂದರೂ ಬಾಗಿಲು ತೆರೆದು ರೋಗಿಯನ್ನು ಏರಿಸಲು ಎಡೆಯಿರುವುದಿಲ್ಲ. ಆದ್ದರಿಂದ ಇಂಥ ಬೀದಿಯಲ್ಲಿ ಒಂದೇ ಬದಿ ನಿಲುಗಡೆ ಎಂಬುದು ಚೌಕಾಸಿಗೆ ಒಳಪಡುವ ಮಾತಲ್ಲ. 330 ಅಡಿ ಉದ್ದದ ಬೀದಿಯಲ್ಲಿ 30 ಅಡಿ ಮುಖದ ನಿವೇಶನಗಳು ಬದಿಗೆ ಹನ್ನೊಂದು. ಪ್ರತಿ ಮನೆಗೆ ಹತ್ತಡಿ ಗೇಟು ಬಿಟ್ಟರೆ ಉಳಿದ ಇಪ್ಪತ್ತು ಅಡಿಯಲ್ಲಿ ಒಂದು ಕಾರು ಹಿಡಿಸುತ್ತದೆ. ಇಪ್ಪತ್ತೆರಡು ಮನೆಗೆ ಹನ್ನೊಂದು ಕಾರಿನ ಜಾಗ. ಮಹಡಿಯ ಮೇಲೆ ಬಾಡಿಗೆದಾರರಿದ್ದರೆ ಲೆಕ್ಕ ಇನ್ನೂ ಬಿಗಿಯಾಗುತ್ತದೆ. ಆ ಹನ್ನೊಂದು ಚೀಟಿ ಯಾರಿಗೆ? ಮನೆ ಮಾಲೀಕನಿಗೋ, ಬಾಡಿಗೆಯವನಿಗೋ? ಒಳಗೆ ಗ್ಯಾರೇಜು ಕಟ್ಟಿ ಅದನ್ನು ಅಂಗಡಿಗೆ ಬಾಡಿಗೆ ಕೊಟ್ಟು ಕಾರನ್ನು ಬೀದಿಗೆ ಬಿಟ್ಟವನಿಗೂ ಉಂಟೋ? ಪರವಾನಗಿ ಪದ್ಧತಿ ಎಲ್ಲಿಯೇ ಬರಲಿ, ಜಗಳವೆಲ್ಲ ಈ ಪ್ರಶ್ನೆಗಳ ಸುತ್ತಲೇ.

ಸ್ಥಳೀಯರಿಗೆ ಒಂದು ಹಕ್ಕು, ಅದಕ್ಕೊಂದು ಕಾಲ, ಅದಕ್ಕೊಂದು ಎಲ್ಲೆ ಎಂಬ ಯೋಚನೆ ಈ ಸೀಮೆಗೆ ಹೊಸದೇನಲ್ಲ. ನಿಲ್ಲುತ್ತಿದ್ದುದು ಕಾರಲ್ಲ, ದನ, ಅಷ್ಟೇ ವ್ಯತ್ಯಾಸ. ಕಡೂರು, ತರೀಕೆರೆ, ಅಜ್ಜಂಪುರದ ಸುತ್ತಲಿನ ಬಯಲುಗಳಲ್ಲಿ ಅಮೃತಮಹಲ್ ಕಾವಲುಗಳು ಹರಡಿವೆ. ಚಿಕ್ಕದೇವರಾಜ ಒಡೆಯರ ಕಾಲದಲ್ಲಿ (1672–1704) ‘ಬೆಣ್ಣೆ ಚಾವಡಿ’ ಎಂದು ಹೆಸರಾಗಿದ್ದ ಅರಮನೆಯ ಗೋಸಂಪತ್ತನ್ನು ಹೈದರ್ ಅಲಿ ಯುದ್ಧದ ಸರಂಜಾಮು ಎಳೆಯಲು ಬೆಳೆಸಿದ, ಟಿಪ್ಪು ಅದಕ್ಕೆ ಅಮೃತಮಹಲ್ ಎಂದು ಹೆಸರಿಟ್ಟ. 1799ರ ನಂತರ ಅದು ಬ್ರಿಟಿಷರ ಕೈಸೇರಿತು.

ಆ ಕಾವಲುಗಳಲ್ಲಿ ಬೇಸಿಗೆಯವು, ಮಳೆಗಾಲದವು, ಚಳಿಗಾಲದವು ಎಂದು ಮೂರು ಬಗೆ. ಕೆರೆಯ ಅಂಗಳದಲ್ಲಿ ಹುಲ್ಲು ಚಿಗುರುವ, ಮರದ ನೆರಳಿರುವ ಜಾಗ ಬೇಸಿಗೆಗೆ. ಯಾವ ಹಿಂಡು ಯಾವ ತಿಂಗಳು ಎಲ್ಲಿರಬೇಕು ಎಂಬುದಕ್ಕೆ ಕಟ್ಟಳೆ ಇತ್ತು. ಹೊರಗಿನ ದನ ನುಗ್ಗದಂತೆ ನೋಡಿಕೊಳ್ಳಲು ಕಾವಲುಗಾರರಿದ್ದರು. ಅವರಿಗೆ ಸಂಬಳದ ಬದಲು ಕಂದಾಯವಿಲ್ಲದ ತುಂಡು ಜಮೀನು. ಕೆಲವು ಕಡೆ, ಸರ್ಕಾರದ ಹಿಂಡು ಇಲ್ಲದ ಕಾಲದಲ್ಲಿ, ತಮ್ಮ ಸ್ವಂತ ದನಗಳನ್ನು ಇಂತಿಷ್ಟೇ ಸಂಖ್ಯೆಯಲ್ಲಿ ಮೇಯಿಸುವ ಅನುಮತಿ. ಸಂಖ್ಯೆಗೆ ಮಿತಿ, ಕಾಲಕ್ಕೆ ಮಿತಿ, ಸ್ಥಳದವನಿಗೆ ಮಾತ್ರ: ಇಂದಿನ ಪಾರ್ಕಿಂಗ್ ಪರ್ಮಿಟ್ಟಿನ ಷರತ್ತುಗಳೂ ಇವೇ.

ಮಿತಿ ಸಡಿಲವಾದಾಗ ಏನಾಯಿತು ಎಂಬುದನ್ನೂ ಕಾವಲುಗಳೇ ಹೇಳುತ್ತವೆ. ಮೊದಲು ಮೇಯಿಸಲು ಬಂದವರು ಆಮೇಲೆ ಬೇಲಿ ಹಾಕಿದರು, ಬೇಲಿಯೊಳಗೆ ಉತ್ತರು. ಸರ್ಕಾರವೂ ತನ್ನ ಅಗತ್ಯಗಳಿಗೆ ಕಾವಲು ಭೂಮಿಯನ್ನು ಹಂಚಿತು. ಉಳಿದದ್ದರಲ್ಲಿ ಕಡೂರು ತಾಲ್ಲೂಕಿನ ಬಾಸೂರು ಕಾವಲು ಒಂದು. ಅಲ್ಲಿನ ಕೃಷ್ಣಮೃಗಗಳ ದೆಸೆಯಿಂದ 2011ರಲ್ಲಿ ಅದು ಸಂರಕ್ಷಣಾ ಮೀಸಲು ಪ್ರದೇಶವಾಯಿತು. ಅಜ್ಜಂಪುರದ ತಳಿ ಸಂವರ್ಧನಾ ಕೇಂದ್ರದಲ್ಲಿ ಅಮೃತಮಹಲ್ ತಳಿಯನ್ನು ಉಳಿಸಿಕೊಂಡು ಬರಲಾಗಿದೆ. ರಸ್ತೆಯಂಚಿನ ಸುಣ್ಣದ ಕಲ್ಲಿಗೂ ಕಾವಲಿನ ಬೇಲಿಗೂ ಸಂಬಂಧವಿಲ್ಲ ಎಂದು ಹೇಳುವುದು ಕಷ್ಟ. ಮೊದಲು ಕಲ್ಲು, ಆಮೇಲೆ ಎರಡಡಿ ಮುಂದೆ ಬಂದ ಮೆಟ್ಟಿಲು, ಆಮೇಲೆ ಅದರ ಮೇಲೊಂದು ಶೀಟು.

ಹಾಗಾದರೆ ಈ ಊರುಗಳಿಗೆ ಪರವಾನಗಿ ಪದ್ಧತಿ ಬೇಕೇ? ಕಡೂರು, ತರೀಕೆರೆ ಎರಡೂ 2011ರ ಜನಗಣತಿಯಲ್ಲಿ ಮೂವತ್ತು ಸಾವಿರ ದಾಟಿದ ಪುರಸಭೆಯ ಪಟ್ಟಣಗಳು. ಎರಡರ ಬೆನ್ನೆಲುಬೂ ಬೆಂಗಳೂರು–ಹೊನ್ನಾವರ ರಸ್ತೆ, ಜನರ ಬಾಯಲ್ಲಿ ಬಿ.ಎಚ್. ರಸ್ತೆ. ಇಲ್ಲಿ ಎಲ್ಲ ಬೀದಿಗಳಿಗೂ ಚೀಟಿ ಹಂಚುವುದು ಸೊಳ್ಳೆ ಹೊಡೆಯಲು ಕೊಡಲಿ ಎತ್ತಿದಂತಾದೀತು. ಇಕ್ಕಟ್ಟಿರುವುದು ಬಸ್ ನಿಲ್ದಾಣ, ಪೇಟೆ, ಆಸ್ಪತ್ರೆಗಳ ಬೆನ್ನಿಗಿರುವ ಕೆಲವೇ ಬೀದಿಗಳಲ್ಲಿ. ಅಲ್ಲಿಯೂ ಸಂತೆಗೆ ಹಳ್ಳಿಗಳಿಂದ ಬರುವವರನ್ನು ಹೊರಗಿನವರು ಎಂದು ದಂಡ ಹಾಕಿ ಓಡಿಸಿದರೆ ಪೇಟೆಯ ಅಂಗಡಿಗಳು ನೊಣ ಹೊಡೆಯಬೇಕಾಗುತ್ತದೆ. ಅವರಿಗೆ ಬೇರೆ ಜಾಗ ತೋರಿಸದೆ ನಿವಾಸಿಗಳಿಗೆ ಚೀಟಿ ಕೊಡುವುದು ಅನ್ಯಾಯ. ಒಂದು ಬದಿ ಮಾತ್ರ ನಿಲುಗಡೆ, ದಿನ ಬಿಟ್ಟು ದಿನ ಬದಿ ಬದಲಾವಣೆ, ತಿರುವುಗಳಲ್ಲಿ ಹಳದಿ ಗೆರೆ: ಇಷ್ಟರಿಂದ ಮೊದಲು ಶುರುಮಾಡಬಹುದು. ಇದಕ್ಕೆ ಹೊಸ ಕಾನೂನೂ ಬೇಡ. ವಾಹನಗಳು ಎಲ್ಲಿ, ಎಷ್ಟು ಹೊತ್ತು ನಿಲ್ಲಬಹುದು ಎಂಬುದನ್ನು ಸ್ಥಳೀಯ ಸಂಸ್ಥೆಯೊಡನೆ ಸಮಾಲೋಚಿಸಿ ಗೊತ್ತುಪಡಿಸುವ ಅಧಿಕಾರವನ್ನು 1988ರ ಮೋಟಾರು ವಾಹನ ಕಾಯ್ದೆಯ 117ನೇ ಸೆಕ್ಷನ್ ರಾಜ್ಯ ಸರ್ಕಾರಕ್ಕೆ, ಅದು ಸೂಚಿಸಿದ ಅಧಿಕಾರಿಗೆ ಕೊಟ್ಟಿದೆ.

ಹಿಂದೆ ಹಲವು ಊರುಗಳಲ್ಲಿ ಸೈಕಲ್ಲಿಗೂ ವರ್ಷಕ್ಕೊಮ್ಮೆ ಹಣ ಕಟ್ಟಿ ಬಿಲ್ಲೆ ಪಡೆಯಬೇಕಿತ್ತು. ಬಿಲ್ಲೆ ಇಲ್ಲದ ಸೈಕಲ್ಲನ್ನು ಹಿಡಿದಿಟ್ಟ ಕಥೆಗಳನ್ನು ಹಿರಿಯರು ಈಗಲೂ ನಗುತ್ತ ಹೇಳುತ್ತಾರೆ. ಮಗಳ ಮದುವೆಗೆ ಮನೆ ಮುಂದೆ ಎರಡು ದಿನ ಶಾಮಿಯಾನ ಹಾಕಬೇಕಾದರೂ ಅರ್ಜಿ ಬರೆದು ಪುರಸಭೆಗೂ ಪೊಲೀಸ್ ಠಾಣೆಗೂ ಅಲೆಯುವವರುಂಟು. ವರ್ಷದ 365 ದಿನವೂ ಅದೇ ಜಾಗದಲ್ಲಿ, ಹೊದಿಕೆ ಹೊದ್ದು ನಿಂತ ಕಾರಿಗೆ ಮಾತ್ರ ಈವರೆಗೆ ಯಾರೂ ಅರ್ಜಿ ಕೇಳಿಲ್ಲ.